ಪಿಯೆರೋಗಿ ನೀರಿನಲ್ಲಿ ಬಾಯಿ ಬಿಡದಂತೆ ಮಾಡುವುದು ಹೇಗೆ: ಹೂರಣದಿಂದ ತಟ್ಟೆಯವರೆಗೆ

ಪೋಲೆಂಡಿನ ಕಡುಬು ಪಿಯೆರೋಗಿ ಮಾಡಲು ಹೋದವರೆಲ್ಲ ನನ್ನ ಹತ್ತಿರ ಹೇಳಿಕೊಳ್ಳುವ ಸಂಕಟ ಒಂದೇ. ಮಣೆಯ ಮೇಲೆ ಸಾಲಾಗಿ ಅಂದವಾಗಿಯೇ ಕೂತಿದ್ದವು, ಕುದಿಯುವ ನೀರಿಗೆ ಬಿಟ್ಟ ಎರಡೇ ನಿಮಿಷಕ್ಕೆ ಬಾಯಿ ಬಿಟ್ಟವು, ಹೂರಣವೆಲ್ಲ ನೀರುಪಾಲಾಯಿತು. ವ್ರೊತ್ಸ್ವಾಫ್‌ನಲ್ಲಿ ಕೆಲಸಕ್ಕಿರುವ ನಮ್ಮ ಹುಡುಗರೂ ಇದನ್ನೇ ಹೇಳುತ್ತಾರೆ, ಮೈಸೂರಿನಲ್ಲಿ ಕೂತು ಮೈದಾ ನಾದುವ ಗೆಳತಿಯೂ ಇದನ್ನೇ ಹೇಳುತ್ತಾಳೆ. ನನ್ನ ಮೊದಲ ಮೂರು ಪ್ರಯತ್ನಗಳೂ ಹೀಗೇ ಹಾಳಾಗಿದ್ದವು. ಆಮೇಲೆ ಕ್ರಾಕುವ್‌ನಲ್ಲಿ ನಾನಿದ್ದ ಕಟ್ಟಡದ ಕೆಳಮನೆಯ ಅಜ್ಜಿ ಒಂದು ಶನಿವಾರ ಪೂರ್ತಿ ತಮ್ಮ ಅಡುಗೆಮನೆಯಲ್ಲಿ ನಿಲ್ಲಿಸಿಕೊಂಡು ಕಲಿಸಿದರು.

ಅವರು ನನ್ನ ಕೈಯಿಂದ ಲಟ್ಟಣಿಗೆ ಕಸಿದುಕೊಂಡು ಮೊದಲು ತೋರಿಸಿದ್ದು ಹೂರಣವನ್ನು. ಪಿಯೆರೋಗಿ ಒಡೆಯುವುದು ಕಾಣುವುದು ನೀರಿನಲ್ಲಿ, ಆದರೆ ಕೆಟ್ಟಿರುವುದು ಅದಕ್ಕಿಂತ ಎಷ್ಟೋ ಮುಂಚೆ. ಹೂರಣ ಒದ್ದೆಯಾಗಿರುತ್ತದೆ, ಇಲ್ಲವೇ ಇನ್ನೂ ಬೆಚ್ಚಗಿರುತ್ತದೆ, ಇಲ್ಲವೇ ಅಂಚಿಗೆ ಜಿಡ್ಡು ತಾಗಿರುತ್ತದೆ. ಈ ಮೂರನ್ನು ಸರಿಮಾಡಿಕೊಂಡರೆ ನೂರಕ್ಕೆ ಒಂದೆರಡು ಒಡೆದರೆ ಹೆಚ್ಚು.

ಇಲ್ಲಿ ನಾವು ಮಾಡುವುದು ಆಲೂಗಡ್ಡೆ ಮತ್ತು ತ್ವಾರುಗ್ ಎಂಬ ಹುಳಿಗಿಣ್ಣು ತುಂಬಿದ ‘ಪಿಯೆರೋಗಿ ರುಸ್ಕಿಯೆ’. ಹೆಸರು ನೋಡಿ ರಷ್ಯಾದ್ದು ಎಂದುಕೊಳ್ಳಬೇಡಿ, ಅದು ಹಳೆಯ ರೂಸ್ ಸೀಮೆಯ ಹೆಸರು. ಆ ಸೀಮೆಯ ಬಹುಭಾಗ ಈಗ ಪಶ್ಚಿಮ ಉಕ್ರೇನಿನಲ್ಲಿದೆ. 2022ರ ನಂತರ ಪೋಲೆಂಡಿನ ಕೆಲವು ಹೋಟೆಲುಗಳ ಪಟ್ಟಿಯಲ್ಲಿ ಇದೇ ತಿನಿಸಿಗೆ ‘ಉಕ್ರೇನಿಯನ್ ಪಿಯೆರೋಗಿ’ ಎಂದು ಬರೆದಿರುತ್ತದೆ, ತಬ್ಬಿಬ್ಬಾಗಬೇಡಿ.

ಮೊದಲು ಕ್ರಮ ಸರಿಯಾಗಲಿ

ಹೆಚ್ಚಿನವರು ಮೊದಲು ಹಿಟ್ಟು ನಾದುತ್ತಾರೆ, ಅದು ನೆನೆಯುವಷ್ಟರಲ್ಲಿ ಹೂರಣ ಮಾಡಿಕೊಳ್ಳೋಣ ಎಂಬ ಲೆಕ್ಕ. ಚಪಾತಿ ಪಲ್ಯಕ್ಕೆ ಈ ಲೆಕ್ಕ ಸರಿ. ಇಲ್ಲಿ ಇದೇ ಮೊದಲ ತಪ್ಪು. ಆಲೂಗಡ್ಡೆ ಬೆಂದು, ಪುಡಿಯಾಗಿ, ಪೂರ್ತಿ ಆರಲು ಎರಡು ಗಂಟೆಯಾದರೂ ಬೇಕು. ಕಣಕಕ್ಕೆ ಸಾಕಾಗುವುದು ಅರ್ಧ ಗಂಟೆ. ಕಣಕ ಕಾದು ಕೂತಿದೆ ಎಂಬ ಅವಸರದಲ್ಲಿ ಬೆಚ್ಚಗಿನ ಹೂರಣ ತುಂಬಿದರೆ ಕಣಕ ಒಳಗಿನಿಂದಲೇ ಬೆವರುತ್ತದೆ, ತಳ ಅಂಟುತ್ತದೆ, ಎತ್ತುವಾಗ ಹರಿಯುತ್ತದೆ.

ಹಾಗಾಗಿ ತ್ವಾರುಗ್ ಹಿಂದಿನ ದಿನ, ಆಲೂಗಡ್ಡೆ ಹಿಂದಿನ ರಾತ್ರಿ ಅಥವಾ ಬೆಳಿಗ್ಗೆ, ಹೂರಣ ಕಲೆಸಿ ಫ್ರಿಜ್ಜಿಗೆ, ಆಮೇಲೆ ಕಣಕ. ಕಣಕ ತಯಾರಾದ ಮೇಲೆ ಮಧ್ಯೆ ಬೇರೆ ಕೆಲಸ ಇಟ್ಟುಕೊಳ್ಳಬೇಡಿ. ಲಟ್ಟಿಸು, ಕತ್ತರಿಸು, ತುಂಬು, ಮುಚ್ಚು, ಇವು ಒಂದೇ ಉಸಿರಿನಲ್ಲಿ ಆಗಬೇಕು. ಜೊತೆಗೆ ಇನ್ನೊಬ್ಬರಿದ್ದರೆ ಒಬ್ಬರು ಲಟ್ಟಿಸಿ ಇನ್ನೊಬ್ಬರು ಮುಚ್ಚಬಹುದು. ಹಬ್ಬಕ್ಕೆ ಕರ್ಜಿಕಾಯಿ ಮಾಡುವಾಗ ನಮ್ಮ ಮನೆಗಳಲ್ಲಿ ಮಾಡುವುದೂ ಹೀಗೇ ಅಲ್ಲವೇ.

ಬೇಕಾದ ಪರಿಕರ

ವಿಶೇಷ ಯಂತ್ರ ಯಾವುದೂ ಬೇಡ. ದೊಡ್ಡ ಮರದ ಮಣೆ ಅಥವಾ ಒರೆಸಿ ಒಣಗಿಸಿದ ಅಡುಗೆ ಕಟ್ಟೆ. ಸ್ವಲ್ಪ ಉದ್ದನೆಯ ಲಟ್ಟಣಿಗೆ. 7–8 ಸೆಂಟಿಮೀಟರ್ ಅಗಲದ ಬಾಯಿಯ, ಅಂಚು ತೆಳ್ಳಗಿರುವ ಲೋಟ. ನಮ್ಮ ಸ್ಟೀಲ್ ಲೋಟಗಳ ಅಂಚು ಸುರುಳಿ ಸುತ್ತಿದ್ದರೆ ಅದು ಕತ್ತರಿಸುವುದಿಲ್ಲ, ಜಜ್ಜುತ್ತದೆ. ಗಾಜಿನ ಲೋಟವೋ ಡಬ್ಬಿಯ ಚೂಪು ಮುಚ್ಚಳವೋ ಒಳ್ಳೆಯದು. ಅಗಲ ಬಾಯಿಯ, ಕನಿಷ್ಠ 3–4 ಲೀಟರ್ ನೀರು ಹಿಡಿಯುವ ಪಾತ್ರೆ. ಬೋಂಡಾ ಎತ್ತುವ ತೂತಿನ ಸೌಟು. ಎರಡು ಹತ್ತಿ ಬಟ್ಟೆ.

ಎರಡು ವಸ್ತು ಮಾತ್ರ ಕೊಂಡರೂ ನಷ್ಟವಿಲ್ಲ. ಒಂದು ಅಡುಗೆಮನೆಯ ತೂಕದ ಸ್ಕೇಲು, ಏಕೆಂದರೆ ಮೈದಾವನ್ನು ಬಟ್ಟಲಲ್ಲಿ ಅಳೆದರೆ ಒತ್ತಿ ತುಂಬಿದ್ದಕ್ಕೂ ಸಡಿಲ ತುಂಬಿದ್ದಕ್ಕೂ ಬಹಳ ವ್ಯತ್ಯಾಸ ಬರುತ್ತದೆ. ಇನ್ನೊಂದು ಆಲೂಗಡ್ಡೆ ಒತ್ತುವ ತೂತಿನ ಒರಳು. ಅದಿಲ್ಲದಿದ್ದರೆ ನಮ್ಮ ಚಕ್ಕುಲಿ ಒರಳಿಗೆ ಸೇವಿನ ಬಿಲ್ಲೆ ಹಾಕಿ ಒತ್ತಿ. ನಾನು ಈಗಲೂ ಹಾಗೇ ಮಾಡುತ್ತೇನೆ, ಒಂದು ಗಂಟೂ ಉಳಿಯುವುದಿಲ್ಲ.

ಅಳತೆ: ಸುಮಾರು 30–35 ಪಿಯೆರೋಗಿಗೆ

ಕಣಕಕ್ಕೆ: ಮೈದಾ 300 ಗ್ರಾಂ, ಬಿಸಿನೀರು 160–180 ಮಿಲಿ, ಬೆಣ್ಣೆ 30 ಗ್ರಾಂ (ಅಥವಾ ಎರಡು ದೊಡ್ಡ ಚಮಚ ವಾಸನೆಯಿಲ್ಲದ ಎಣ್ಣೆ), ಉಪ್ಪು ಅರ್ಧ ಚಮಚ.

ಹೂರಣಕ್ಕೆ: ಸಿಪ್ಪೆ ತೆಗೆದ ಆಲೂಗಡ್ಡೆ 500 ಗ್ರಾಂ, ತ್ವಾರುಗ್ 250 ಗ್ರಾಂ, ಮಧ್ಯಮ ಗಾತ್ರದ ಈರುಳ್ಳಿ 2, ಹುರಿಯಲು ಬೆಣ್ಣೆ 2 ಚಮಚ, ಉಪ್ಪು, ಆಗಷ್ಟೇ ಕುಟ್ಟಿದ ಕಾಳುಮೆಣಸು ಧಾರಾಳವಾಗಿ. ಮೇಲೆ ಹಾಕಲು ಇನ್ನೊಂದು ದೊಡ್ಡ ಈರುಳ್ಳಿ ಮತ್ತು ಬೆಣ್ಣೆ.

ಪೋಲೆಂಡಿನಲ್ಲಿರುವವರು ಹಿಟ್ಟಿನ ಚೀಲದ ಮೇಲೆ ‘ಟೈಪ್’ ಸಂಖ್ಯೆ ನೋಡಿ. ಹಿಟ್ಟು ಸುಟ್ಟರೆ ಎಷ್ಟು ಬೂದಿ ಉಳಿಯುತ್ತದೆ ಎಂಬುದರ ಲೆಕ್ಕ ಅದು. ಸಂಖ್ಯೆ ಕಡಿಮೆಯಿದ್ದಷ್ಟೂ ಹಿಟ್ಟು ಬೆಳ್ಳಗೆ, ತೌಡು ಕಡಿಮೆ. 450, 500, 550 ಯಾವುದಾದರೂ ನಡೆಯುತ್ತದೆ. ಆದರೆ ಇವುಗಳ ಜೊತೆಗೇ ‘ಕ್ರುಪ್ಚಾಟ್ಕಾ’ ಎಂಬ ತರಿತರಿ ಹಿಟ್ಟೂ ಸಿಗುತ್ತದೆ, ಮೊದಲ ಸಲಕ್ಕೆ ಅದು ಬೇಡ. ಆಲೂಗಡ್ಡೆ ಚೀಲದ ಮೇಲೆ ಎ, ಬಿ, ಸಿ ಎಂದಿರುತ್ತದೆ. ಎ ಅಂದರೆ ಸಲಾಡಿನದು, ಬೆಂದರೂ ಗಟ್ಟಿ. ನಮಗೆ ಬೇಕಾದದ್ದು ಬೆಂದಾಗ ಹಿಟ್ಟಿನಂತೆ ಉದುರುವ ಸಿ, ಸಿಗದಿದ್ದರೆ ಬಿ.

ಕರ್ನಾಟಕದಲ್ಲಿ ಅಕ್ಷರ ಬರೆದ ಚೀಲವಿಲ್ಲ, ಒಂದೇ ನಿಯಮ ಸಾಕು: ಹಳೆಯ ಆಲೂಗಡ್ಡೆ ಕೊಳ್ಳಿ. ಮಳೆಗಾಲದಲ್ಲಿ ಹಾಸನದ ಕಡೆಯಿಂದ ಬರುವ, ಉಗುರಿನಲ್ಲಿ ಕೆರೆದರೆ ಸಿಪ್ಪೆ ಏಳುವ ಹೊಸ ಆಲೂಗಡ್ಡೆ ಪಲ್ಯಕ್ಕೆ ಬಹಳ ರುಚಿ. ಅದರಲ್ಲಿ ನೀರು ಜಾಸ್ತಿ, ಪಿಯೆರೋಗಿಗೆ ಒಗ್ಗದು.

ಹಂತ 1: ತ್ವಾರುಗ್ (ಹಿಂದಿನ ದಿನ)

ಪೋಲೆಂಡಿನ ಯಾವ ಅಂಗಡಿಯಲ್ಲಾದರೂ ಇದು ಸಿಗುತ್ತದೆ. ಕೊಬ್ಬಿನ ಅಂಶ ನೋಡಿ ಮೂರು ಬಗೆ, ‘ಪೂವ್‌ತ್ವುಸ್ತಿ’ ಎಂಬ ಮಧ್ಯಮ ಕೊಬ್ಬಿನದು ಅಥವಾ ‘ತ್ವುಸ್ತಿ’ ಎಂಬ ಪೂರ್ತಿ ಕೊಬ್ಬಿನದು ತನ್ನಿ. ಕೊಬ್ಬು ತೆಗೆದದ್ದು ಮರಳು ಮರಳಾಗಿ ಬಾಯಿಗೆ ಸಿಗುತ್ತದೆ. ಡಬ್ಬಿಯಲ್ಲಿ ಮಾರುವ, ಚಮಚದಲ್ಲಿ ತೆಗೆದರೆ ಕೆನೆಯಂತೆ ಬೀಳುವ ಬಗೆ ಬೇಡವೇ ಬೇಡ, ಅದರಿಂದ ಹೂರಣ ಸಡಿಲವಾಗುತ್ತದೆ.

ಊರಿನಲ್ಲಿರುವವರು ಪನೀರು ತಂದು ಪುಡಿಮಾಡಿ ಹಾಕುತ್ತಾರೆ. ರುಚಿ ಸಪ್ಪೆಯಾಯಿತು, ಹೂರಣ ಒಂದಾಗಲಿಲ್ಲ ಎನ್ನುತ್ತಾರೆ. ಆಗುವುದೇ ಹಾಗೆ. ಪನೀರು ಕುದಿಯುವ ಹಾಲಿಗೆ ಹುಳಿ ಹಿಂಡಿ ಒಡೆಸಿದ್ದು. ಅದು ರಬ್ಬರಿನಂತೆ, ಹುಳಿಯಿಲ್ಲ. ತ್ವಾರುಗ್ ಎಂದರೆ ಹೆಪ್ಪಾಗಿ ಹುಳಿತ ಹಾಲನ್ನು ಸಣ್ಣ ಬಿಸಿಯಲ್ಲಿ ನೀರು ಬಿಡಿಸಿ ಸೋಸಿದ್ದು. ಮೊಸರು ಹಾಕುವ ಮನೆಯಲ್ಲಿ ಇದನ್ನು ಮಾಡುವುದು ಕಷ್ಟವೇನಲ್ಲ.

ಎರಡು ಲೀಟರ್ ಗಟ್ಟಿ ಹಾಲು ಕಾಯಿಸಿ, ಉಗುರು ಬೆಚ್ಚಗಾದಾಗ ಹೆಪ್ಪು ಹಾಕಿ. ಮೊಸರಾದ ಮೇಲೂ ಕೆಲವು ಗಂಟೆ ಹೊರಗೇ ಬಿಡಿ, ಸ್ಪಷ್ಟವಾಗಿ ಹುಳಿ ಬರಬೇಕು. ಪಾತ್ರೆಯಲ್ಲೇ ಚಾಕುವಿನಿಂದ ಉದ್ದಕ್ಕೂ ಅಡ್ಡಕ್ಕೂ ಗೀರಿ, ಅತಿ ಸಣ್ಣ ಉರಿಯಲ್ಲಿಡಿ. ಸೌಟು ಹಾಕಿ ಕಲಕಬೇಡಿ, ಪಾತ್ರೆಯನ್ನು ಆಗಾಗ ಮೆಲ್ಲಗೆ ಅಲುಗಿಸಿದರೆ ಸಾಕು. ಇಪ್ಪತ್ತು ಮೂವತ್ತು ನಿಮಿಷದಲ್ಲಿ ಗೀರುಗಳ ನಡುವೆ ತಿಳಿ ಹಸಿರು ನೀರು ಬಿಡುತ್ತದೆ. ಬೆರಳು ಅದ್ದಿದರೆ ಹೆಚ್ಚು ಹೊತ್ತು ಇಡಲಾಗದಷ್ಟು ಬಿಸಿಯಾದಾಗ ಒಲೆ ಆರಿಸಿ. ಗುಳ್ಳೆ ಏಳುವವರೆಗೆ ಬಿಟ್ಟರೆ ಅದು ಗಟ್ಟಿ ಕಾಳಾಗುತ್ತದೆ, ಮತ್ತೆ ಮೆತ್ತಗಾಗುವುದಿಲ್ಲ. ಹಾಗೇ ಆರಲು ಬಿಟ್ಟು, ಬಟ್ಟೆಗೆ ಸುರಿದು, ಗಂಟು ಕಟ್ಟಿ ನಾಲ್ಕು ಗಂಟೆ ನೇತುಹಾಕಿ, ಕೊನೆಗೆ ಒಂದು ಗಂಟೆ ಭಾರ ಹೇರಿ. ಹಿಡಿದರೆ ಮುದ್ದೆಯಾಗಬೇಕು, ಕೈಗೆ ನೀರು ಹತ್ತಬಾರದು.

ಪನೀರೇ ಗತಿ ಎನ್ನುವ ದಿನ ಬಂದರೆ 200 ಗ್ರಾಂ ಮೆತ್ತಗಿನ ಪನೀರನ್ನು ಅಂಗೈಯಲ್ಲಿ ಉಜ್ಜಿ ನುಣ್ಣಗೆ ಮಾಡಿ, ಬಟ್ಟೆಯಲ್ಲಿ ಕಟ್ಟಿ ನೀರು ಇಳಿಸಿದ ಹುಳಿ ಮೊಸರು ಎರಡು ಮೂರು ಚಮಚ ಸೇರಿಸಿ. ರುಚಿ ಹತ್ತಿರ ಬರುತ್ತದೆ.

ಹಂತ 2: ಆಲೂಗಡ್ಡೆ

ಸಮ ಗಾತ್ರದ ಹೋಳು ಮಾಡಿ, ಉಪ್ಪು ಹಾಕಿದ ತಣ್ಣೀರಿನಿಂದಲೇ ಬೇಯಲು ಇಡಿ. ಕುಕ್ಕರ್ ಬೇಡ. ಕುಕ್ಕರಿನಲ್ಲಿ ಹೋಳುಗಳು ನೀರು ಕುಡಿದು ಒಡೆದಿರುತ್ತವೆ, ಆ ನೀರು ಮತ್ತೆ ಹೊರಗೆ ಬರುವುದು ನಿಮ್ಮ ಪಿಯೆರೋಗಿಯ ಒಳಗೆ.

ಚಾಕು ಸರಾಗವಾಗಿ ಇಳಿದಾಗ ನೀರು ಪೂರ್ತಿ ಬಸಿದು, ಖಾಲಿ ಪಾತ್ರೆಯನ್ನು ಹೋಳುಗಳ ಸಮೇತ ಸಣ್ಣ ಉರಿಗೆ ವಾಪಸ್ ಇಡಿ. ಒಂದೆರಡು ನಿಮಿಷ ಅಲುಗಿಸುತ್ತಿರಿ. ಹಬೆ ಏಳುತ್ತದೆ, ಹೋಳಿನ ಮೈಮೇಲೆ ಬಿಳಿ ಹಿಟ್ಟಿನ ಪದರ ಕಾಣುತ್ತದೆ. ಈ ಎರಡು ನಿಮಿಷವನ್ನು ಹೆಚ್ಚಿನವರು ಬಿಟ್ಟುಬಿಡುತ್ತಾರೆ. ನನ್ನ ಮಟ್ಟಿಗೆ ಇಡೀ ಕೆಲಸದಲ್ಲಿ ಬಿಡಲೇಬಾರದ ಎರಡು ನಿಮಿಷ ಇದು.

ಬಿಸಿಯಿರುವಾಗಲೇ ಒರಳಿನಲ್ಲಿ ಒತ್ತಿ ಅಗಲ ತಟ್ಟೆಗೆ ಬೀಳಿಸಿ. ಆರಿದ ಮೇಲೆ ಒತ್ತಿದರೆ ಗಂಟುಳಿಯುತ್ತದೆ. ಮಿಕ್ಸಿ ಜಾರಿಗಂತೂ ಹಾಕಲೇಬೇಡಿ. ಬ್ಲೇಡು ಆಲೂಗಡ್ಡೆಯ ಕಣಗಳನ್ನೆಲ್ಲ ಒಡೆದು ಪಿಷ್ಟ ಹೊರಗೆ ಬಂದು ಗೋಂದಿನ ಹಾಗಾಗುತ್ತದೆ. ಹಾಗಾದದ್ದನ್ನು ಸರಿಮಾಡುವ ದಾರಿ ನನಗೆ ಸಿಕ್ಕಿಲ್ಲ, ಬೇರೆ ಆಲೂಗಡ್ಡೆ ಬೇಯಿಸಿದ್ದೇನೆ ಅಷ್ಟೇ. ತಟ್ಟೆಯಲ್ಲಿ ಹರಡಿ ಆರಲು ಬಿಡಿ, ಮೇಲೆ ಏನೂ ಮುಚ್ಚಬೇಡಿ. ಮುಚ್ಚಿದರೆ ಹಬೆ ನೀರಾಗಿ ವಾಪಸ್ ಬೀಳುತ್ತದೆ.

ಹಂತ 3: ಹೂರಣ ಕಲೆಸುವುದು, ಉಂಡೆ ಕಟ್ಟಿ ನೋಡುವುದು

ಈರುಳ್ಳಿ ಸಣ್ಣಗೆ ಹೆಚ್ಚಿ ಬೆಣ್ಣೆಯಲ್ಲಿ ಸಣ್ಣ ಉರಿಯಲ್ಲಿ ಹದಿನೈದು ನಿಮಿಷ ಹುರಿಯಿರಿ. ಬಣ್ಣ ಹೊನ್ನಿನಂತಿರಲಿ. ಅರೆಬೆಂದ ಈರುಳ್ಳಿ ಒಳಗೆ ಹೋದ ಮೇಲೆ ನೀರು ಬಿಡುತ್ತದೆ, ಕರಕಲಾದದ್ದು ಕಹಿ. ಬಾಣಲೆಯಲ್ಲಿ ಬೆಣ್ಣೆ ಉಳಿದಿದ್ದರೆ ಅದನ್ನು ಹೂರಣಕ್ಕೆ ಸುರಿಯದೆ ಬಡಿಸುವಾಗಿಗೆ ಎತ್ತಿಡಿ.

ಆಲೂಗಡ್ಡೆ, ತ್ವಾರುಗ್, ಈರುಳ್ಳಿ ಮೂರೂ ಆರಿದ ಮೇಲೆ ಕೈಯಲ್ಲೇ ಕಲೆಸಿ. ಉಪ್ಪು ನಾಲಿಗೆಗೆ ಒಂದು ಕಾಳು ಹೆಚ್ಚು ಅನ್ನಿಸಬೇಕು, ಏಕೆಂದರೆ ಸುತ್ತಲಿನ ಕಣಕ ಸಪ್ಪೆ. ಕಾಳುಮೆಣಸು ಧೈರ್ಯವಾಗಿ ಹಾಕಿ, ಪೋಲೆಂಡಿನ ಅಜ್ಜಿಯರು ಅದರಲ್ಲಿ ಕೈ ಬಿಗಿ ಹಿಡಿಯುವುದಿಲ್ಲ. ಹಸಿಮೆಣಸಿನಕಾಯಿ, ಕೊತ್ತಂಬರಿ ಸೊಪ್ಪು ಹಾಕಿದರೆ ಆಗದೇ ಎಂದು ಎಲ್ಲರೂ ಕೇಳುತ್ತಾರೆ. ಹಸಿ ಸೊಪ್ಪು ನೀರು ಬಿಡುತ್ತದೆ, ತ್ವಾರುಗ್‌ನ ಸಣ್ಣ ಹುಳಿಯನ್ನೂ ಮುಚ್ಚಿಹಾಕುತ್ತದೆ. ಒಂದು ಸಲವಾದರೂ ಬರೀ ಮೆಣಸಿನಲ್ಲಿ ಮಾಡಿ ತಿಂದು ನೋಡಿ.

ಈಗ ಪರೀಕ್ಷೆ. ನಿಂಬೆ ಗಾತ್ರದ ಉಂಡೆ ಕಟ್ಟಿ ತಟ್ಟೆಯ ಮೇಲೆ ಐದು ನಿಮಿಷ ಬಿಡಿ. ಹಾಗೇ ಕೂತಿದ್ದು, ಎತ್ತಿದ ಜಾಗ ಒಣಗಿದ್ದರೆ ಹೂರಣ ಸರಿ. ಉಂಡೆ ಕುಸಿದರೆ, ಅಂಗೈಗೆ ಮೆತ್ತಿದರೆ, ತಟ್ಟೆಯಲ್ಲಿ ಒದ್ದೆ ಗುರುತು ಉಳಿದರೆ ಅದು ನೀರಿನಲ್ಲಿ ಒಡೆಯುತ್ತದೆ. ಆಗ ಮೈದಾ ಬೆರೆಸಿ ಗಟ್ಟಿ ಮಾಡಬೇಡಿ, ಹೂರಣ ಅಂಟಂಟಾಗುತ್ತದೆ. ಇನ್ನೊಂದು ಆಲೂಗಡ್ಡೆ ಬೇಯಿಸಿ ಸೇರಿಸಿ, ಅಥವಾ ಬಟ್ಟೆಯ ಮೇಲೆ ಹರಡಿ ಫ್ರಿಜ್ಜಿನಲ್ಲಿ ಮುಚ್ಚದೆ ರಾತ್ರಿ ಬಿಡಿ.

ಸಮಯವಿದ್ದರೆ ಹೂರಣವನ್ನೆಲ್ಲ ಈಗಲೇ 20–22 ಗ್ರಾಂ ತೂಕದ ಉಂಡೆ ಕಟ್ಟಿಟ್ಟುಕೊಳ್ಳಿ, ಹೋಳಿಗೆಗೆ ಕಟ್ಟುವ ಹಾಗೆ. ಚಮಚದಲ್ಲಿ ತುಂಬುವಾಗ ಆಗುವ ಹಾಗೆ ಅಂಚಿಗೆ ಮೆತ್ತುವ ಭಯವೇ ಇರುವುದಿಲ್ಲ.

ಹಂತ 4: ಕಣಕ

ಕರ್ಜಿಕಾಯಿಗೆ ನಾವು ಗಟ್ಟಿ ಹಿಟ್ಟು ಕಲೆಸುತ್ತೇವೆ, ಎಣ್ಣೆಯಲ್ಲಿ ಗರಿಯಾಗಲೆಂದು. ಅದೇ ಕೈವಾಡ ಇಲ್ಲಿ ತೋರಿಸಿದರೆ ಪಿಯೆರೋಗಿ ಚಕ್ಕಳವಾಗುತ್ತದೆ. ಇದು ನೀರಿನಲ್ಲಿ ಬೇಯುವ ಕಣಕ, ಕಿವಿಯ ಹಾಲೆಯಷ್ಟು ಮೆತ್ತಗಿರಬೇಕು.

ನೀರು ಬಿಸಿಯಾಗಿರಲಿ, ಆದರೆ ಕುದಿಯುವುದು ಬೇಡ. ಕುದಿ ಬಂದು ಇಳಿಸಿ ಐದು ನಿಮಿಷ ಬಿಟ್ಟ ನೀರು ಸರಿ. ಅದರಲ್ಲೇ ಬೆಣ್ಣೆ ಕರಗಿಸಿ. ಬಿಸಿನೀರು ತಾಗಿದಾಗ ಮೈದಾದ ಪಿಷ್ಟದಲ್ಲಿ ಒಂದು ಪಾಲು ಅಲ್ಲೇ ಬೆಂದು ಹೆಚ್ಚು ನೀರು ಹಿಡಿದುಕೊಳ್ಳುತ್ತದೆ, ಕಣಕದ ಜಿಗುಟು ಎಳೆತ ಕಡಿಮೆಯಾಗುತ್ತದೆ. ತೆಳ್ಳಗೆ ಲಟ್ಟಿಸಿದರೂ ರಬ್ಬರಿನ ಹಾಗೆ ಹಿಂದೆ ಸರಿಯದಿರುವುದು ಇದರಿಂದಲೇ. ಮೊಟ್ಟೆ ಹಾಕುವ ಮನೆಗಳೂ ಇವೆ. ಮೊಟ್ಟೆ ಹಾಕಿದರೆ ಕಣಕ ಬಿಗಿ, ಹಾಕದಿದ್ದರೆ ಮೃದು, ನಾನು ಹಾಕುವುದಿಲ್ಲ.

ಅಗಲ ಬೇಸಿನ್ನಿನಲ್ಲಿ ಮೈದಾ, ಉಪ್ಪು ಬೆರೆಸಿ, 160 ಮಿಲಿ ನೀರನ್ನು ಸ್ವಲ್ಪ ಸ್ವಲ್ಪ ಸುರಿಯುತ್ತ ಚಮಚದಲ್ಲಿ ಕಲೆಸಿ. ಕೈ ತಡೆಯುವಷ್ಟು ಬಿಸಿಗೆ ಬಂದ ಮೇಲೆ ನಾದಲು ಶುರು ಮಾಡಿ. ಉಳಿದ 20 ಮಿಲಿ ಬೇಕೋ ಬೇಡವೋ ಎಂಬುದು ನಿಮ್ಮ ಮೈದಾ ಮೇಲೆ ಹೋಗುತ್ತದೆ. ಎಂಟು ಹತ್ತು ನಿಮಿಷ ನಾದಿದರೆ ಮೈ ನುಣುಪಾಗುತ್ತದೆ. ಮೊದಲ ಎರಡು ನಿಮಿಷ ಕೈಗೆ ಅಂಟುತ್ತದೆ. ಆಗಲೇ ಹೆದರಿ ಒಣ ಹಿಟ್ಟು ಉದುರಿಸುತ್ತ ಹೋಗುವುದರಿಂದಲೇ ಹೆಚ್ಚಿನವರ ಕಣಕ ಗಟ್ಟಿಯಾಗುವುದು. ತಡೆಯಿರಿ, ನಾದುತ್ತ ಬಂದಂತೆ ತಾನೇ ಬಿಡುತ್ತದೆ.

ಬಿಸಿನೀರಿನಲ್ಲಿ ತೊಳೆದು ಒರೆಸಿದ ಬೆಚ್ಚಗಿನ ಪಾತ್ರೆಯನ್ನು ಕಣಕದ ಮೇಲೆ ಬೋರಲು ಹಾಕಿ 30 ನಿಮಿಷ ಬಿಡಿ. ಫ್ರಿಜ್ಜಿಗೆ ಇಡಬೇಡಿ, ತಣ್ಣಗಾದರೆ ಬೆಣ್ಣೆ ಗಟ್ಟಿಯಾಗಿ ಮತ್ತೆ ಬಿಗಿಯುತ್ತದೆ.

ಹಂತ 5: ಲಟ್ಟಿಸಿ ಕತ್ತರಿಸುವುದು

ಕಣಕವನ್ನು ಮೂರು ಪಾಲು ಮಾಡಿ, ಒಂದನ್ನು ಮಾತ್ರ ಹೊರಗಿಡಿ. ಉಳಿದೆರಡು ಪಾತ್ರೆಯ ಕೆಳಗೇ ಇರಲಿ. ಪೋಲೆಂಡಿನ ಚಳಿಗಾಲದಲ್ಲಿ ಮನೆಯೊಳಗಿನ ಕಾವಿನ ರೇಡಿಯೇಟರು ಗಾಳಿಯನ್ನು ಒಣಗಿಸಿಬಿಡುತ್ತದೆ. ಕಿಟಕಿ ಕೆಳಗಿನ ಮೇಜು ಅದರ ಪಕ್ಕದಲ್ಲೇ ಇರುತ್ತದೆ, ಅಲ್ಲಿ ಲಟ್ಟಿಸಬೇಡಿ. ಊರಿನಲ್ಲಾದರೆ ಫ್ಯಾನ್ ಆರಿಸಿ. ಇದನ್ನು ಹೇಳಿದ ಮೇಲೆಯೇ ಎಷ್ಟೋ ಜನರ ಪಿಯೆರೋಗಿ ಸರಿಹೋದದ್ದುಂಟು.

ದಪ್ಪ 2 ಮಿಲಿಮೀಟರ್. ಪೂರಿಗಿಂತ ತುಸು ತೆಳು. ಮಧ್ಯದಿಂದ ಹೊರಕ್ಕೆ ಲಟ್ಟಿಸಿ, ಮಣೆಗೆ ಹಿಟ್ಟು ತೀರ ಕಡಿಮೆ ಉದುರಿಸಿ. ಹಿಂದಕ್ಕೆ ಸರಿಯುತ್ತಿದ್ದರೆ ಬಲ ಹಾಕಬೇಡಿ, ಬಟ್ಟೆ ಮುಚ್ಚಿ ಹತ್ತು ನಿಮಿಷ ಬಿಟ್ಟು ಬನ್ನಿ. ಲೋಟದ ಬಾಯನ್ನು ಹಿಟ್ಟಿಗೆ ಅದ್ದಿ ಹತ್ತಿರ ಹತ್ತಿರ ಒತ್ತಿ ಬಿಲ್ಲೆ ತೆಗೆಯಿರಿ. ಉಳಿದ ಚೂರುಗಳನ್ನು ಒಟ್ಟಿಗೆ ಒತ್ತಿ ಪಾತ್ರೆಯ ಕೆಳಗೆ ಹಾಕಿ. ಅದನ್ನು ಕೂಡಲೇ ಲಟ್ಟಿಸಿದರೆ ಮೊಂಡು ಹಿಡಿಯುತ್ತದೆ, ಕೊನೆಗೆ ತೆಗೆದುಕೊಳ್ಳಿ.

ಕತ್ತರಿಸಿದ ಬಿಲ್ಲೆಗಳು ಒದ್ದೆ ಬಟ್ಟೆಯ ಕೆಳಗಿರಲಿ. ಬಟ್ಟೆಯನ್ನು ಚೆನ್ನಾಗಿ ಹಿಂಡಿರಬೇಕು, ನೀರು ತೊಟ್ಟಿಕ್ಕಿದರೆ ಬಿಲ್ಲೆ ಅಂಟಿಕೊಳ್ಳುತ್ತವೆ. ಒಂದು ಸಲಕ್ಕೆ ಹನ್ನೆರಡಕ್ಕಿಂತ ಹೆಚ್ಚು ಕತ್ತರಿಸಿಟ್ಟುಕೊಳ್ಳಬೇಡಿ.

ಹಂತ 6: ತುಂಬಿ ಮುಚ್ಚುವುದು

ಬಿಲ್ಲೆಯನ್ನು ಎಡ ಅಂಗೈಯಲ್ಲಿಟ್ಟುಕೊಂಡು, ಹೆಬ್ಬೆರಳಿನಿಂದ ಅಂಚನ್ನು ಸ್ವಲ್ಪ ಎಳೆದು ತೆಳ್ಳಗೆ ಮಾಡಿ. ಮಡಚಿದಾಗ ಅಂಚಿನಲ್ಲಿ ಎರಡು ಪದರ ಸೇರುತ್ತದೆ; ಮೊದಲೇ ತೆಳುವಾಗಿದ್ದರೆ ಬೆಂದ ಮೇಲೆ ಅಂಚು ಹಸಿಹಸಿ ಉಳಿಯುವುದಿಲ್ಲ. ಮಣೆಗೆ ತಾಗಿದ್ದ, ಹಿಟ್ಟು ಹತ್ತಿದ ಮುಖ ಹೊರಗೆ ಬರಲಿ. ಒಳಮುಖ ಸ್ವಲ್ಪ ಅಂಟುಅಂಟಾಗಿರುವುದೇ ನಮಗೆ ಅನುಕೂಲ.

ಹೂರಣದ ಉಂಡೆ ಮಧ್ಯದಲ್ಲಿಟ್ಟು, ಸುತ್ತ ಕಿರುಬೆರಳಿನಷ್ಟು ಅಂಚು ಬಿಡಿ. ಅರ್ಧಚಂದ್ರಾಕಾರಕ್ಕೆ ಮಡಚಿ, ಮೊದಲು ನಡುವಿನ ತುದಿಯನ್ನು ಒತ್ತಿ, ಅಲ್ಲಿಂದ ಒಂದು ಮೂಲೆಗೆ, ಮತ್ತೆ ನಡುವಿನಿಂದ ಇನ್ನೊಂದು ಮೂಲೆಗೆ ಹೋಗಿ. ಮೂಲೆಯಿಂದ ಮೂಲೆಗೆ ಒತ್ತುತ್ತ ಹೋದರೆ ಗಾಳಿ ಒಳಗೇ ಸಿಕ್ಕಿಕೊಳ್ಳುತ್ತದೆ. ಸಿಕ್ಕಿಕೊಂಡ ಗಾಳಿ ಬಿಸಿನೀರಿನಲ್ಲಿ ಹಿಗ್ಗಿ ಅಂಚನ್ನು ಸೀಳುತ್ತದೆ. ಕೊನೆಯ ಮೂಲೆ ಮುಚ್ಚುವ ಮುನ್ನ ಹೂರಣದ ಸುತ್ತ ಬೆರಳಾಡಿಸಿ ಗಾಳಿಯನ್ನು ಹೊರಗೆ ತಳ್ಳಿ.

ಒಂದು ಸಲ ಒತ್ತಿ ಆಯಿತು ಎಂದುಕೊಳ್ಳಬೇಡಿ. ಹೆಬ್ಬೆರಳು ತೋರುಬೆರಳಿನ ನಡುವೆ ಅಂಚನ್ನು ಮತ್ತೊಮ್ಮೆ ಚಿವುಟುತ್ತ ಬನ್ನಿ, ಎರಡು ಪದರ ಸೇರಿದ ಗೆರೆಯೇ ಕಾಣಬಾರದು. ಆಮೇಲೆ ಬೇಕಿದ್ದರೆ ಅಂಚಿಗೆ ‘ಫಲ್ಬಾಂಕಾ’ ಹಾಕಬಹುದು. ಲಂಗದ ನೆರಿಗೆಗೆ ಅಲ್ಲಿನವರು ಹೇಳುವ ಪದ ಅದು. ಕರ್ಜಿಕಾಯಿಗೆ ಮುರಿಗೆ ಹಾಕಿ ಗೊತ್ತಿರುವ ಕೈಗೆ ಇದನ್ನು ಕಲಿಸಬೇಕಾಗಿಲ್ಲ, ಬೆರಳು ತಾನೇ ಓಡುತ್ತದೆ. ನನ್ನ ಮೊದಲ ಮುರಿಗೆ ನೋಡಿ ಆ ಅಜ್ಜಿ, ನಿನಗೆ ಇದನ್ನು ಯಾರು ಕಲಿಸಿದರು ಎಂದು ಕೇಳಿದ್ದರು. ನಮ್ಮಮ್ಮ ಎಂದೆ. ಮುಳ್ಳುಚಮಚದಲ್ಲಿ ಒತ್ತಿ ಗೆರೆ ಹಾಕುವ ಕ್ರಮವೂ ಇದೆ, ಆದರೆ 2 ಮಿಲಿಮೀಟರಿನ ಕಣಕಕ್ಕೆ ಅದು ಅನೇಕ ಸಲ ತೂತು ಕೊರೆಯುತ್ತದೆ.

ಅಂಚಿಗೆ ನೀರು ಸವರಬೇಕೇ? ಕಣಕ ತಾಜಾ ಇದ್ದರೆ ಬೇಡ, ನೀರು ಹೆಚ್ಚಾದರೆ ಅಂಚು ಜಾರುತ್ತದೆ. ಬಿಲ್ಲೆ ಒಣಗಿದೆ, ಒತ್ತಿದರೂ ಹಿಡಿಯುತ್ತಿಲ್ಲ ಎಂದಾದರೆ ಮಾತ್ರ ಬೆರಳ ತುದಿಯನ್ನು ನೀರಿಗೆ ಮುಟ್ಟಿಸಿ ಒಂದು ಅರ್ಧಕ್ಕಷ್ಟೇ ಸವರಿ. ಆದರೆ ಅಂಚಿಗೆ ಹೂರಣದ ಬೆಣ್ಣೆ ತಾಗಿದ್ದರೆ ನೀರು ಸವರಿದರೂ ಹಿಡಿಯುವುದಿಲ್ಲ. ಒಣ ಬಟ್ಟೆಯಿಂದ ಒರೆಸಿ, ಚಿಟಿಕೆ ಹಿಟ್ಟು ಉಜ್ಜಿ ಕೊಡವಿ ಒತ್ತಿ ನೋಡಿ. ಆಗಲೂ ಹಿಡಿಯದಿದ್ದರೆ ಆ ಬಿಲ್ಲೆ ಬಿಟ್ಟುಬಿಡಿ.

ಮುಚ್ಚಿದ ಪಿಯೆರೋಗಿಗಳನ್ನು ಹಿಟ್ಟು ಉದುರಿಸಿದ ಬಟ್ಟೆಯ ಮೇಲೆ, ಒಂದಕ್ಕೊಂದು ತಾಗದಂತೆ ಇಟ್ಟು, ಮೇಲೊಂದು ಬಟ್ಟೆ ಮುಚ್ಚಿ. ಸ್ಟೀಲ್ ತಟ್ಟೆಯ ಮೇಲೆ ಹಾಗೇ ಇಟ್ಟರೆ ಹತ್ತು ನಿಮಿಷದಲ್ಲಿ ತಳ ಹಿಡಿದುಕೊಳ್ಳುತ್ತದೆ.

ಹಂತ 7: ಬೇಯಿಸುವುದು

ಮೊದಲು ಒಂದೇ ಒಂದನ್ನು ಬೇಯಿಸಿ ತಿನ್ನಿ. ಉಪ್ಪು, ಕಣಕದ ದಪ್ಪ, ಅಂಚಿನ ಹಿಡಿತ ಎಲ್ಲ ಆ ಒಂದರಲ್ಲೇ ಗೊತ್ತಾಗುತ್ತದೆ. ಮೂವತ್ತನ್ನೂ ನೀರಿಗೆ ಬಿಟ್ಟ ಮೇಲೆ ಗೊತ್ತಾಗಿ ಪ್ರಯೋಜನವಿಲ್ಲ.

3 ಲೀಟರ್ ನೀರಿಗೆ ಒಂದು ದೊಡ್ಡ ಚಮಚ ಉಪ್ಪು. ನೀರು ಚೆನ್ನಾಗಿ ಕುದಿ ಬಂದ ಮೇಲೆ 10–12 ಪಿಯೆರೋಗಿಗಳನ್ನು ಒಂದೊಂದಾಗಿ ಇಳಿಬಿಡಿ. ಹೆಚ್ಚು ಹಾಕಿದರೆ ನೀರಿನ ಬಿಸಿ ಕುಸಿದು, ತಳದಲ್ಲಿ ಕೂತು ಅಂಟುತ್ತವೆ. ಹಾಕಿದ ಕೂಡಲೇ ಮರದ ಸೌಟಿನ ಹಿಡಿಯಿಂದ ತಳವನ್ನು ಒಮ್ಮೆ ಮೆಲ್ಲಗೆ ಸವರಿ. ಆಮೇಲೆ ಕೈ ಹಾಕಬೇಡಿ.

ಅವು ಮೇಲೆ ತೇಲಿದಾಗ ಉರಿ ತಗ್ಗಿಸಿ. ನೀರು ಸಣ್ಣಗೆ ನಡುಗುತ್ತಿರಬೇಕು, ಕೊತಕೊತ ಕುದಿದರೆ ಒಂದಕ್ಕೊಂದು ಡಿಕ್ಕಿ ಹೊಡೆದು ಅಂಚು ಬಿಡುತ್ತದೆ. ತೇಲಿದ ಮೇಲೆ 2 ನಿಮಿಷ, ಕಣಕ ದಪ್ಪವಿದ್ದರೆ 3. ಬೆಂಗಳೂರಿನ ಎತ್ತರದಲ್ಲಿ ನೀರು ಸುಮಾರು 97 ಡಿಗ್ರಿಗೇ ಕುದಿಯುತ್ತದೆ, ಅಲ್ಲಿ ಅರ್ಧ ನಿಮಿಷ ಸೇರಿಸಿ. ಒಳಗಿನ ಹೂರಣ ಮೊದಲೇ ಬೆಂದಿರುವುದರಿಂದ ನೀವು ಕಾಯುತ್ತಿರುವುದು ಅಂಚಿನ ಎರಡು ಪದರಕ್ಕಾಗಿ ಮಾತ್ರ.

ತೂತಿನ ಸೌಟಿನಲ್ಲಿ ಎತ್ತಿ ನೀರು ಬಸಿಯಿರಿ. ಜರಡಿಗೆ ಒಟ್ಟಿಗೆ ಸುರಿದರೆ ಮೇಲಿನದರ ಭಾರಕ್ಕೆ ಕೆಳಗಿನದು ಹರಿಯುತ್ತದೆ. ಬೆಣ್ಣೆ ಸವರಿದ ಅಗಲ ತಟ್ಟೆಯಲ್ಲಿ ಒಂದೇ ಪದರದಲ್ಲಿ ಹರಡಿ, ಮೇಲೂ ಸ್ವಲ್ಪ ಬೆಣ್ಣೆ ಹಚ್ಚಿ.

ಪಾತ್ರೆಯಲ್ಲಿ ಒಂದು ಒಡೆದರೆ ಆ ನೀರಿನಲ್ಲೇ ಮುಂದುವರಿಯಬಹುದು. ಎರಡು ಮೂರು ಒಡೆದು ನೀರು ಬೆಳ್ಳಗಾದರೆ ಚೆಲ್ಲಿ ಹೊಸ ನೀರಿಡಿ, ಮಂದವಾದ ನೀರು ಉಳಿದವಕ್ಕೂ ಲೋಳೆ ಹಚ್ಚುತ್ತದೆ.

ಹಂತ 8: ಬಡಿಸುವುದು

ಉದ್ದುದ್ದ ಹೆಚ್ಚಿದ ಈರುಳ್ಳಿಯನ್ನು ಬೆಣ್ಣೆಯಲ್ಲಿ ಕಂದು ಬಣ್ಣಕ್ಕೆ ಹುರಿದು ಬೆಣ್ಣೆಯ ಸಮೇತ ಮೇಲೆ ಸುರಿಯಿರಿ. ಪಕ್ಕದಲ್ಲಿ ಹುಳಿ ಕೆನೆ, ಅಲ್ಲಿನ ಮಾತಿನಲ್ಲಿ ‘ಶ್ಮಿಯೆತಾನಾ’. ಸಿಗದಿದ್ದರೆ ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಮೊಸರಿಗೆ ಹಾಲಿನ ಕೆನೆ ಬೆರೆಸಿ. ಪೋಲೆಂಡಿನ ಮನೆಗಳಲ್ಲಿ ಹಂದಿ ಕೊಬ್ಬಿನ ಕರಿದ ಚೂರುಗಳನ್ನು ಮೇಲೆ ಹಾಕುವುದು ಸಾಮಾನ್ಯ. ಸಸ್ಯಾಹಾರಿಗಳು ಅಲ್ಲಿ ಹೊರಗೆ ತಿನ್ನುವಾಗ ‘ರುಸ್ಕಿಯೆ’ ಎಂದಷ್ಟೇ ಹೇಳಿ ಸುಮ್ಮನಾಗಬೇಡಿ, ‘ಬೆಸ್ ಸ್ಕ್ವಾರೆಕ್’ ಎಂದು ಸೇರಿಸಿ. ಆ ಕೊಬ್ಬಿನ ಚೂರು ಬೇಡ ಎಂದರ್ಥ.

ಎತ್ತಿಡುವುದು

ಬೇಯಿಸಿದವು ಫ್ರಿಜ್ಜಿನಲ್ಲಿ ಎರಡು ದಿನ ಇರುತ್ತವೆ. ಮಾರನೆಯ ದಿನ ಮತ್ತೆ ನೀರಿಗೆ ಹಾಕಬೇಡಿ. ಬಾಣಲೆಯಲ್ಲಿ ಬೆಣ್ಣೆ ಹಾಕಿ ಎರಡೂ ಮುಖ ಹೊಂಬಣ್ಣಕ್ಕೆ ಬರುವಂತೆ ಹುರಿಯಿರಿ. ನನಗೆ ಮೊದಲ ದಿನದ್ದಕ್ಕಿಂತ ಈ ಎರಡನೆಯ ದಿನದ್ದೇ ಇಷ್ಟ.

ಹಸಿಯಾಗಿ ಫ್ರೀಜರಿಗೆ ಇಡುವುದಾದರೆ ಹಿಟ್ಟು ಉದುರಿಸಿದ ತಟ್ಟೆಯಲ್ಲಿ ಒಂದೇ ಪದರದಲ್ಲಿಟ್ಟು, ಎರಡು ಮೂರು ಗಂಟೆಯಲ್ಲಿ ಕಲ್ಲಿನಂತಾದ ಮೇಲೆ ಚೀಲಕ್ಕೆ ತುಂಬಿ. ಬೇಯಿಸುವಾಗ ಕರಗಲು ಬಿಡದೆ ನೇರ ಕುದಿಯುವ ನೀರಿಗೆ ಹಾಕಿ. ಕರಗಿದರೆ ತಳ ಮೆತ್ತಗಾಗಿ ಕೈಗೇ ಬರುತ್ತದೆ. ಹಸಿ ಕಣಕ ಫ್ರೀಜರಿನಲ್ಲಿ ಬಿರುಕು ಬಿಟ್ಟರೆ, ಮುಂದಿನ ಸಲ ಮೊದಲೇ ಬೇಯಿಸಿ, ತೇಲಿದ ಒಂದು ನಿಮಿಷಕ್ಕೆ ಎತ್ತಿ, ಎಣ್ಣೆ ಸವರಿ, ಆರಿಸಿ ಆಮೇಲೆ ಇಡಿ. ಅನೇಕ ಪೋಲಿಷ್ ಮನೆಗಳಲ್ಲಿ ಕ್ರಿಸ್ಮಸ್ಸಿಗೆ ವಾರ ಮೊದಲೇ ಹೀಗೆ ಮಾಡಿಟ್ಟಿರುತ್ತಾರೆ.

ಹೂರಣ ಬದಲಾದರೆ

ಡಿಸೆಂಬರ್ 24ರ ರಾತ್ರಿಯ ‘ವಿಗಿಲಿಯಾ’ ಊಟಕ್ಕೆ ಮಾಂಸವಿಲ್ಲ, ಆ ದಿನ ಹುಳಿ ಹಿಡಿಸಿದ ಎಲೆಕೋಸು ಮತ್ತು ಒಣ ಕಾಡು ಅಣಬೆಯ ಪಿಯೆರೋಗಿ. ಇಲ್ಲಿ ಕೋಸನ್ನು ಬೇಯಿಸಿದ ಮೇಲೆ ಹಿಂಡುವುದೇ ಮುಖ್ಯ. ಹಿಂಡಿ ಸಾಕಾಯಿತು ಎನ್ನಿಸಿದ ಮೇಲೆ ಬಟ್ಟೆಯಲ್ಲಿ ಕಟ್ಟಿ ಮತ್ತೊಮ್ಮೆ ಹಿಂಡಿ, ಆಮೇಲೆ ಸಣ್ಣಗೆ ಹೆಚ್ಚಿ. ಉದ್ದ ಎಳೆ ಉಳಿದರೆ ಅದು ಅಂಚಿನಲ್ಲಿ ಸಿಕ್ಕಿ ಅಲ್ಲಿಂದಲೇ ನೀರು ನುಗ್ಗುತ್ತದೆ. ರಾತ್ರಿ ನೆನೆಹಾಕಿದ ಅಣಬೆಯನ್ನು ಬೇಯಿಸಿ ಹೆಚ್ಚಿ, ಹುರಿದ ಈರುಳ್ಳಿಯ ಜೊತೆ ಸೇರಿಸಿ, ಬಾಣಲೆಯಲ್ಲಿ ನೀರಿನ ಸದ್ದು ನಿಲ್ಲುವವರೆಗೆ ಬಾಡಿಸಿ.

ಬೇಸಿಗೆಯಲ್ಲಿ ಅಲ್ಲಿ ‘ಯಾಗೊದಿ’ ಎಂಬ ಕಪ್ಪುನೀಲಿ ಕಾಡುಹಣ್ಣಿನದು ಮಾಡುತ್ತಾರೆ. ಆ ಹಣ್ಣಿಗೆ ಮೊದಲೇ ಸಕ್ಕರೆ ಬೆರೆಸಿದರೆ ಅರ್ಧ ಗಂಟೆಯಲ್ಲಿ ರಸ ಬಿಟ್ಟು ಕೂತಿರುತ್ತದೆ. ತೊಳೆದ ಹಣ್ಣನ್ನು ಬಟ್ಟೆಯ ಮೇಲೆ ಪೂರ್ತಿ ಒಣಗಿಸಿ, ಚಿಟಿಕೆ ಆಲೂಗಡ್ಡೆ ಪಿಷ್ಟ ಉದುರಿಸಿ, ಒಂದೊಂದು ಬಿಲ್ಲೆಗೂ ಏಳೆಂಟು ಹಣ್ಣು ಇಟ್ಟು ಕೂಡಲೇ ಮುಚ್ಚಿ. ಬೆಂದು ತಟ್ಟೆಗೆ ಬಂದ ಮೇಲೆ ಕೆನೆ ಹಾಕಿ, ಸಕ್ಕರೆ ಉದುರಿಸಿ, ಬಿಸಿಯಿರುವಾಗಲೇ ತಿನ್ನಿ.